ಡ್ಯೂಕ್‌ಗೆ ಹವಾಯಿ ಇದೆ, ನಮ್ಮ ಸಾಬುಗೆ?

ಹಳೆಯ ಹಾಲಿವುಡ್ ಸಿನಿಮಾಗಳಲ್ಲಿ ಡ್ಯೂಕ್ ಕಹಾನಾಮೊಕು ಕಣ್ಣಿಗೆ ಬೀಳಬೇಕಾದರೆ ನಾಯಕನ ಅಕ್ಕಪಕ್ಕ ನೋಡಬೇಕು. 1925ರ ‘ಲಾರ್ಡ್ ಜಿಮ್’ನಲ್ಲಿ ಅವರು ನಾಯಕನ ಮಲಯ ಸೇವಕ. ಮರುವರ್ಷ ‘ಓಲ್ಡ್ ಐರನ್‌ಸೈಡ್ಸ್’ನಲ್ಲಿ ಕಡಲುಗಳ್ಳರ ಮುಖಂಡ. 1955ರ ‘ಮಿಸ್ಟರ್ ರಾಬರ್ಟ್ಸ್’ನಲ್ಲಿ ದ್ವೀಪದ ಯಜಮಾನ. ಮೂವತ್ತು ವರ್ಷ ಹೀಗೇ ಚಿಕ್ಕಪುಟ್ಟ ಪಾತ್ರಗಳು. ಮೈಬಣ್ಣ ಕಂದು ಇದ್ದರೆ ಸಾಕು, ಯಾವ ದೇಶದವನ ವೇಷವಾದರೂ ನಡೆಯುತ್ತೆ ಅನ್ನೋದು ಆಗಿನ ಸ್ಟುಡಿಯೋಗಳ ಲೆಕ್ಕ.

ಇವರು ಯಾರು ಗೊತ್ತಾ? 1890ರಲ್ಲಿ ಹೊನೊಲುಲುವಿನಲ್ಲಿ ಹುಟ್ಟಿದ ಅಪ್ಪಟ ಹವಾಯಿಯವರು. 1912 ಮತ್ತು 1920ರ ಒಲಿಂಪಿಕ್ಸ್‌ಗಳಲ್ಲಿ 100 ಮೀಟರ್ ಫ್ರೀಸ್ಟೈಲ್ ಈಜಿನ ಚಿನ್ನ ಇವರದ್ದೇ. 1924ರಲ್ಲಿ ಪ್ಯಾರಿಸ್‌ನಲ್ಲಿ, 33ರ ವಯಸ್ಸಿನಲ್ಲಿ, ಬೆಳ್ಳಿ ಬಂತು. ಅಂದು ಚಿನ್ನ ಗೆದ್ದ ಹುಡುಗ ಜಾನಿ ವೈಸ್‌ಮುಲ್ಲರ್. 1932ರಲ್ಲಿ ಅದೇ ಹುಡುಗ ಟಾರ್ಜನ್ ಆಗಿ ಮನೆಮಾತಾದ. ಒಂದೇ ಕೊಳದಲ್ಲಿ ಈಜಿದ ಇಬ್ಬರಲ್ಲಿ ಒಬ್ಬರಿಗೆ ಕಾಡಿನ ರಾಜನ ಪಾತ್ರ, ಇನ್ನೊಬ್ಬರಿಗೆ ಸೇವಕನ ಪಾತ್ರ. ಇದನ್ನು ನೆನೆದರೆ ನನಗೆ ಸಂಕಟವಾಗುತ್ತದೆ.

ಆದರೆ ಹವಾಯಿ ಜನ ಡ್ಯೂಕ್ ಅವರನ್ನು ಸಿನಿಮಾದಿಂದ ಅಳೆಯಲೇ ಇಲ್ಲ. ವೈಕೀಕಿ ದಂಡೆಯಲ್ಲಿ ಅವರ ಕಂಚಿನ ಪ್ರತಿಮೆ ಇದೆ. ಹಿಂದೆ ಅಲೆಗಳ ಮೇಲೆ ಸವಾರಿ ಮಾಡುವ ಎತ್ತರದ ಸರ್ಫಿಂಗ್ ಹಲಗೆ, ಎರಡೂ ಕೈ ಅಗಲಕ್ಕೆ ಚಾಚಿದೆ. ಆ ಕೈಗಳ ಮೇಲೆ ಹೂಮಾಲೆಗಳ ರಾಶಿ. ಕೆಳಗಿನ ಮಾಲೆ ಬಾಡಿರುತ್ತೆ, ಅದರ ಮೇಲೆ ಯಾರೋ ಆಗಲೇ ಹೊಸದನ್ನು ಹಾಕಿರುತ್ತಾರೆ. ಒಲಿಂಪಿಕ್ಸ್, ಸರ್ಫಿಂಗ್, ಹೊನೊಲುಲುವಿನ ಶೆರಿಫ್ ಆಗಿ ಕಳೆದ ವರ್ಷಗಳು, ಎಲ್ಲವೂ ಅವರ ಲೆಕ್ಕದಲ್ಲಿದೆ. ನಾನಿರುವ ದಕ್ಷಿಣ ಕ್ಯಾಲಿಫೋರ್ನಿಯಾದ ಒಂದು ಘಟನೆಯೂ ಅದಕ್ಕೆ ಸೇರುತ್ತದೆ. 1925ರ ಜೂನ್‌ನಲ್ಲಿ ಕೊರೋನಾ ಡೆಲ್ ಮಾರ್ ಬಳಿ ಮೀನುಗಾರಿಕೆ ದೋಣಿಯೊಂದು ಮಗುಚಿತು. ಡ್ಯೂಕ್ ತಮ್ಮ ಹಲಗೆ ಹಿಡಿದು ಅಲೆಗಳಿಗೆ ಇಳಿದರು. ಮತ್ತೆ ಮತ್ತೆ ಹೋಗಿ 8 ಜನರನ್ನು ದಡಕ್ಕೆ ತಂದರು. ಯಾವ ಸ್ಟುಡಿಯೋ ಕೊಟ್ಟ ಪಾತ್ರವೂ ಇದಕ್ಕೆ ಸಮ ಅಲ್ಲ.

ಆ ಪ್ರತಿಮೆ ನೋಡಿದ ಮೇಲೆ ನನಗೆ ಸಾಬು ನೆನಪಾಗದೆ ಇರಲಿಲ್ಲ. ಕಬಿನಿ ಕಡೆಯ ಕಾರಾಪುರದಲ್ಲಿ 1924ರಲ್ಲಿ ಹುಟ್ಟಿದ ಮಾವುತನ ಮಗ. 1937ರ ‘ಎಲಿಫೆಂಟ್ ಬಾಯ್’ ಸಿನಿಮಾದಲ್ಲಿ ನಟಿಸಿ ಜಗತ್ತಿಗೆಲ್ಲ ಗೊತ್ತಾದ. ಆಮೇಲೆ ಹಾಲಿವುಡ್ ಅವನಿಗೂ ಅದೇ ವೇಷ ಹಾಕಿಸಿತು: ಒಮ್ಮೆ ಅರಬ್ ಹುಡುಗ, ಇನ್ನೊಮ್ಮೆ ದ್ವೀಪದ ಹುಡುಗ.

ನಾವು ಕಲಾವಿದರನ್ನು ಮೆರೆಸುವುದರಲ್ಲಿ ಯಾರಿಗೂ ಕಡಿಮೆಯಿಲ್ಲ. ಅಣ್ಣಾವ್ರ ಹುಟ್ಟುಹಬ್ಬ ಬಂದರೆ ಸಾಕು, ಬೀದಿಬೀದಿಯಲ್ಲಿ ಹಾರ, ಊಟ, ರಕ್ತದಾನ. ಆದರೆ ಊರು ಬಿಟ್ಟು ಹೋದವರ ವಿಷಯದಲ್ಲಿ ನಮ್ಮ ರೀತಿಯೇ ಬೇರೆ. ‘ಮೈಸೂರಿನ ಹುಡುಗ ಹಾಲಿವುಡ್‌ಗೆ ಹೋದನಂತೆ’ ಅಂತ ಒಂದು ಸಾಲು ಹೇಳಿ ಮುಗಿಸುತ್ತೇವೆ. ಎರಡನೇ ಮಹಾಯುದ್ಧದಲ್ಲಿ ಸಾಬು ಅಮೆರಿಕದ ಬಾಂಬರ್ ವಿಮಾನದಲ್ಲಿ ಗನ್ನರ್ ಆಗಿದ್ದ, ಶೌರ್ಯಕ್ಕೆ ಪದಕ ಪಡೆದ ಅನ್ನೋದು ನಮ್ಮಲ್ಲಿ ಎಷ್ಟು ಮಕ್ಕಳಿಗೆ ಗೊತ್ತು? ಡ್ಯೂಕ್ ಊರಿಗೆ ವಾಪಸ್ ಬಂದರು, ಸಾಬು ಬರಲಿಲ್ಲ, ಅದಕ್ಕೇ ಹೀಗೆ ಅನ್ನಬಹುದು. ನಾನು ಒಪ್ಪಲ್ಲ. ಹೊರಗಿದ್ದವರೆಲ್ಲ ಹೊರಗಿನವರು ಆಗಿಬಿಡ್ತಾರಾ?

ಸಾಬು 1963ರ ಡಿಸೆಂಬರ್ 2ರಂದು, ಬರೀ 39ರ ವಯಸ್ಸಿನಲ್ಲಿ ತೀರಿಕೊಂಡ. ಸಮಾಧಿ ಇರುವುದು ಲಾಸ್ ಏಂಜಲೀಸ್‌ನ ಫಾರೆಸ್ಟ್ ಲಾನ್‌ನಲ್ಲಿ. ಈ ಸೀಮೆಯಲ್ಲಿ ನಾವು ಕನ್ನಡಿಗರು ಬೇಕಾದಷ್ಟು ಜನ ಇದ್ದೇವೆ. ರಾಜ್ಯೋತ್ಸವದ ಕಾರ್ಯಕ್ರಮಗಳು ಮುಗಿಯೋ ಹೊತ್ತಿಗೇ ಆ ದಿನ ಬರುತ್ತೆ. ಈ ಸಲ ಮಕ್ಕಳನ್ನೂ ಕರೆದುಕೊಂಡು ಅಲ್ಲಿಗೆ ಹೋಗೋಣ, ಹೂವು ಇಡೋಣ, ಅವನ ಕಥೆಯನ್ನು ಪೂರ್ತಿ ಹೇಳೋಣ.