ಕ್ರಯ ರದ್ದಾಗುವುದಿಲ್ಲ, ಆದರೆ...

ಪಾಲಿನ ದಾವೆ ನಡೆಯುವಾಗ ಮಾಡಿಸಿಕೊಂಡ ಕ್ರಯಪತ್ರಕ್ಕೆ ಬೆಲೆಯೇ ಇಲ್ಲ ಎಂದು ಒಂದು ಲೇಖನದಲ್ಲಿ ಓದಿದೆ. ಅದು ಪೂರ್ತಿ ಸರಿಯಲ್ಲ. 1882ರ ಸ್ವತ್ತು ವರ್ಗಾವಣೆ ಕಾಯ್ದೆಯ 52ನೇ ಕಲಂ ಅಂಥ ಕ್ರಯವನ್ನು ರದ್ದು ಮಾಡುವುದಿಲ್ಲ. ಕೊಂಡವರು ಕೋರ್ಟಿನ ತೀರ್ಪಿಗೆ ಕಟ್ಟುಬೀಳುತ್ತಾರೆ, ಅಷ್ಟೇ. ಕೇಸಿನ ವಿಷಯ ಗೊತ್ತಿರಲಿಲ್ಲ ಎಂದರೂ ನಡೆಯುವುದಿಲ್ಲ.

ನಮ್ಮ ಚಿಕ್ಕಪ್ಪನಿಗೆ ಆಗಿದ್ದು ಇದೇ. ಒಂದೂವರೆ ಎಕರೆ ಜಮೀನು, ಮೂವರು ಅಣ್ಣತಮ್ಮಂದಿರು. ಅವರಲ್ಲೊಬ್ಬರ ಪಾಲೆಂದು ಚಿಕ್ಕಪ್ಪ 20 ಗುಂಟೆ ಕೊಂಡರು. ಇಸಿ (ಋಣಭಾರ ಪ್ರಮಾಣಪತ್ರ) ತೆಗೆಸಿದ್ದರು, ಕ್ಲೀನಾಗಿಯೇ ಇತ್ತು. ಇಸಿಯಲ್ಲಿ ಬರುವುದು ನೋಂದಣಿಯಾದ ಪತ್ರಗಳು, ಕೋರ್ಟಿನ ದಾವೆ ಅಲ್ಲಿ ಕಾಣಬೇಕೆಂದೇನಿಲ್ಲ ಅಲ್ವಾ? ಅಷ್ಟರಲ್ಲಾಗಲೇ ಮಾರಿದವರ ಅಕ್ಕ ಪಾಲು ಕೇಳಿ ದಾವೆ ಹಾಕಿದ್ದರು. (ಮಹಾರಾಷ್ಟ್ರದ ಹಾಗೆ ದಾವೆಯ ನೋಟಿಸನ್ನೂ ನೋಂದಾಯಿಸುವ ಪದ್ಧತಿ ಬರಲಿ ಎಂದು ಸುಪ್ರೀಂ ಕೋರ್ಟ್ 2010ರಲ್ಲೇ ಸಲಹೆ ಕೊಟ್ಟಿತ್ತು. ಯಾರು ಕೇಳುತ್ತಾರೆ!)

ಚಿಕ್ಕಪ್ಪ ಸುಮ್ನೆ ಕೂರಲಿಲ್ಲ. ತಮ್ಮನ್ನೂ ಪಾರ್ಟಿ ಮಾಡಿ ಎಂದು ಅರ್ಜಿ ಹಾಕಿದರು. ಆಮೇಲೆ ಎಫ್‌ಡಿಪಿಯಲ್ಲಿ (ತೀರ್ಪಿನಂತೆ ಜಮೀನನ್ನು ಭಾಗ ಮಾಡಿಕೊಡುವ ಅಂತಿಮ ಡಿಕ್ರಿ ಹಂತದಲ್ಲಿ), ಮಾರಿದವರ ಭಾಗವನ್ನು ತಾವು ಕೊಂಡ ಕಡೆಯೇ ಹಾಕಿಕೊಡಿ ಎಂದು ಕೇಳಿದರು. ಬೇರೆಯವರ ಪಾಲಿಗೆ ತೊಂದರೆ ಇಲ್ಲದಿದ್ದರೆ ಕೋರ್ಟ್ ಇದನ್ನು ಒಪ್ಪಬಹುದು, ಒಪ್ಪಲೇಬೇಕೆಂದಿಲ್ಲ. ಇವರ ಅದೃಷ್ಟ, ಒಪ್ಪಿತು. ಆದರೆ ಅಕ್ಕನೂ ಸೇರಿ ಪಾಲು ನಾಲ್ಕಾಗಿತ್ತು, ಸಿಕ್ಕಿದ್ದು 15 ಗುಂಟೆ. ಉಳಿದ 5 ಗುಂಟೆಯ ದುಡ್ಡಿಗಾಗಿ ಈಗ ಮಾರಿದವರ ಮೇಲೆ ಬೇರೆ ಕೇಸು ನಡೆಯುತ್ತಿದೆ.