ಸುತಲದ ಪಂಚಾಂಗ: ಪುನರ್ಖನನ ನಾಮ ಸಂವತ್ಸರ

ಸ್ವಸ್ತಿಶ್ರೀ ವಿಜಯಾಭ್ಯುದಯ ಜೆಸಿಬಿವಾಹನ ಶಕೆ, ಪುನರ್ಖನನ ನಾಮ ಸಂವತ್ಸರ. ಬೆಂಗಳೂರಿನ ಡಾಂಬರಿನಡಿ, ಬಲಿ ಚಕ್ರವರ್ತಿ ಆಳುವ ಸುತಲದಲ್ಲಿ ಈ ವರ್ಷದ ಪಂಚಾಂಗ ಬಿಡುಗಡೆಯಾಗಿದೆ. ಅಲ್ಲಿ ಸೂರ್ಯನೂ ಇಲ್ಲ, ಚಂದ್ರನೂ ಇಲ್ಲ. ಹಾಗಾಗಿ ಅಲ್ಲಿನ ಜೋಯಿಸರು ಸೂರ್ಯಸಿದ್ಧಾಂತ, ದೃಗ್ಗಣಿತ ಎಲ್ಲವನ್ನೂ ಅಟ್ಟಕ್ಕೆ ಹಾಕಿ, ನೆತ್ತಿಯ ಮೇಲೆ ಜೆಸಿಬಿ ಬಕೆಟ್ಟಿನ ಹಲ್ಲು ಊರುವ ಸದ್ದು ಹಿಡಿದು ಕಾಲ ಗುಣಿಸುತ್ತಾರೆ. ಆಕಾಶದ ಗ್ರಹಗಳಿಗೆ ವಕ್ರಗತಿಯ ಚಾಳಿಯಿದೆ. ಈ ಹಳದಿ ಗ್ರಹ ಮಾತ್ರ ವರ್ಷಾವರ್ಷ ಅದೇ ಬೀದಿಯ ಅದೇ ತಿರುವಿಗೆ ಚಾಚೂ ತಪ್ಪದೆ ಬರುತ್ತದೆ.

ಸುತಲದ ಯುಗಾದಿ ಎಂದರೆ ಮೇಲೆ ಹೊಸ ಡಾಂಬರು ಬಿದ್ದ ಮರುದಿನ. ಅದು ಹೆಚ್ಚಾಗಿ ಮಾರ್ಚ್ 31ರ ಆಸುಪಾಸಿನಲ್ಲೇ ಬೀಳುತ್ತದೆ, ಖರ್ಚಾಗದ ಅನುದಾನ ಅಂದು ಮಧ್ಯರಾತ್ರಿಗೆ ಲ್ಯಾಪ್ಸ್ ಆಗುವುದರಿಂದ.

ವಾರಗಳು ಏಳೇ. ಕೇಬಲ್‌ವಾರ, ಕರೆಂಟುವಾರ, ಗ್ಯಾಸುವಾರ, ನೀರುವಾರ, ಮಳೆಚರಂಡಿವಾರ, ಒಳಚರಂಡಿವಾರ, ಕೊನೆಗೆ ಡಾಂಬರುವಾರ. ಈ ಅನುಕ್ರಮದಲ್ಲೇ ಶಾಸ್ತ್ರದ ಮರ್ಮವಿದೆ. ಒಳಚರಂಡಿಗೆ ಪಂಪು ಗಿಂಪು ಇಲ್ಲ, ಇಳಿಜಾರೇ ಗತಿ. ಆದ್ದರಿಂದ ಅದು ಎಲ್ಲಕ್ಕಿಂತ ಆಳದಲ್ಲಿರಬೇಕು, ಎಲ್ಲಕ್ಕಿಂತ ಮೊದಲು ಇಳಿಯಬೇಕು. ಅದರ ಮೇಲೆ ಕುಡಿಯುವ ನೀರಿನ ಪೈಪು, ಆಮೇಲೆ ಉಳಿದವು. ಭೂಲೋಕದ ಎಂಜಿನಿಯರಿಂಗ್ ಪುಸ್ತಕ ಹೇಳುವುದು ಇಷ್ಟು. ಸುತಲದ ಪಂಚಾಂಗ ಅದನ್ನು ತಲೆಕೆಳಗು ಮಾಡುತ್ತದೆ. ಒಳಚರಂಡಿವಾರ ಬರುವ ಹೊತ್ತಿಗೆ ಮೇಲೆ ಐದು ಬಗೆಯ ಪೈಪು, ತಂತಿಗಳ ಜಾಲ ಹರಡಿರುತ್ತದೆ. ಬಕೆಟ್ಟಿನ ಒಂದೇ ಬೀಸಿಗೆ ಕೇಬಲ್ ತುಂಡಾಗುತ್ತದೆ, ಕೇಬಲ್‌ವಾರ ಮತ್ತೆ ಮೊದಲಿನಿಂದ ಶುರುವಾಗುತ್ತದೆ. ಅಪ್ಪಿತಪ್ಪಿ ಇಬ್ಬರು ಒಂದೇ ಕಂದಕದಲ್ಲಿ ಕೆಲಸ ಮುಗಿಸಿಬಿಟ್ಟರೆ ಅದನ್ನು ವಾರಲೋಪ ಎನ್ನುತ್ತಾರೆ. ಒಂದು ಅಗೆತ ಕಮ್ಮಿಯಾದರೆ ಒಂದು ಬಿಲ್ ಕಮ್ಮಿ, ಮಹಾದೋಷ.

ತಿಥಿ ನಿರ್ಣಯಕ್ಕೆ ಚಂದ್ರಕಲೆ ಬೇಡ, ಗುಂಡಿಯ ಕಲೆ ಸಾಕು. ಕಂದಕ ಮುಚ್ಚುವಾಗ ಮಣ್ಣನ್ನು 15–20 ಸೆಂಟಿಮೀಟರಿನ ಪದರಗಳಲ್ಲಿ ಹಾಕಿ, ಹದವಾಗಿ ನೀರು ಚಿಮುಕಿಸಿ, ಒಂದೊಂದು ಪದರವನ್ನೂ ದಮ್ಮಸು ಮಾಡಬೇಕು. ಪೈಪಿನ ಸುತ್ತ ಕಲ್ಲಿಲ್ಲದ ಮರಳು ಇರಬೇಕು. ಹಾಗೆ ಮಾಡಿದರೆ ತಿಥಿಯೇ ಹುಟ್ಟುವುದಿಲ್ಲ. ಅದಕ್ಕೆಂದೇ ಸಂಪ್ರದಾಯ ಬೇರೆ ಇದೆ: ತೆಗೆದ ಮಣ್ಣು, ಒಡೆದ ಕಾಂಕ್ರೀಟು, ಗುಟ್ಕಾ ಚೀಟಿ ಎಲ್ಲವನ್ನೂ ಒಂದೇ ಸಲಕ್ಕೆ ತಳ್ಳಿ, ಮೇಲೆ ಜೆಸಿಬಿ ಚಕ್ರ ಎರಡು ಬಾರಿ ಹಾಯಿಸಿ, ಜಲ್ಲಿ ಎರಚಿ, ಡಾಂಬರು ಸವರುವುದು. ಮೊದಲ ಮಳೆಗೆ ಒಳಗಿನ ಮಣ್ಣು ನೀರು ಕುಡಿದು ಕುಸಿಯುತ್ತದೆ, ಮೇಲಿನ ಡಾಂಬರು ಅಂತರದಲ್ಲಿ ನಿಲ್ಲುತ್ತದೆ. ನೀರಿನ ಟ್ಯಾಂಕರ್ ಒಂದು ಹಾದರೆ ಪಾಡ್ಯ. ಸ್ಕೂಟರಿನ ಮುಂಗಾಲಿ ಇಳಿದರೆ ಪಂಚಮಿ. ಬಸ್ಸು ವಾಲಿ ನಿಂತರೆ ಹುಣ್ಣಿಮೆ, ಟಿವಿಯವರು ಬರುತ್ತಾರೆ.

ನಕ್ಷತ್ರಗಳೆಂದರೆ ಮ್ಯಾನ್‌ಹೋಲ್ ಮುಚ್ಚಳಗಳು. ಹಳೆಯ ಡಾಂಬರನ್ನು ಕೆರೆದು ತೆಗೆಯದೆ ಅದರ ಮೇಲೇ ಇನ್ನೊಂದು 40 ಮಿಲಿಮೀಟರ್ ಹಾಸುತ್ತಾರೆ. ಮುಚ್ಚಳದ ಚೌಕಟ್ಟನ್ನು ಅಷ್ಟೇ ಎತ್ತರಿಸುವುದು ಎಸ್ಟಿಮೇಟಿನಲ್ಲಿ ಇರುವುದಿಲ್ಲ. ನಕ್ಷತ್ರ ಅಸ್ತ. ಒಳಚರಂಡಿ ಕಟ್ಟಿಕೊಂಡು ಕೊಳಚೆ ಬೀದಿಗೆ ಬಂದ ದಿನ ಪಿಕಾಸಿ ಹಿಡಿದು ಹುಡುಕುವುದೇ ಉದಯ ಕಾಲ. ಬಲೀಂದ್ರ ವರ್ಷಕ್ಕೊಮ್ಮೆ ಬಲಿಪಾಡ್ಯಮಿಗೆ ಮೇಲೆ ಬರುವ ದಾರಿಯೂ ಹೀಗೇ ಮುಚ್ಚಿಹೋಗಿ, ಈಗೀಗ ಅವರು ಕೇಬಲ್‌ನವರ ಗುಂಡಿಯಿಂದ ಹತ್ತಿ ಬರುತ್ತಾರೆ. ವಾಮನನ ಪಾದಕ್ಕಿಂತ ಇದು ಕಷ್ಟವಂತೆ.

ಅಧಿಕ ಮಾಸದ ವಿಷಯ ಬಂದರೆ ಜೋಯಿಸರ ಮುಖ ಅರಳುತ್ತದೆ. ಭೂಲೋಕದಲ್ಲಿ ಚಾಂದ್ರಮಾನಕ್ಕೆ ವರ್ಷಕ್ಕೆ ಸುಮಾರು 11 ದಿನ ಕೊರತೆ ಬೀಳುವುದರಿಂದ 19 ವರ್ಷಕ್ಕೆ 7 ಅಧಿಕ ಮಾಸ. ಸುತಲದಲ್ಲಿ ಪ್ರತಿ ಮಾಸಕ್ಕೂ ಒಂದು, ‘ಕಾಲಾವಧಿ ವಿಸ್ತರಣೆ’ ಎಂಬ ಹೆಸರಿನಲ್ಲಿ. ಇದಕ್ಕೆ ಅವರು ಪ್ರಮಾಣವನ್ನೂ ಕೊಡುತ್ತಾರೆ. 1962ರ ಜುಲೈನಲ್ಲಿ ಫ್ರಾನ್ಸಿನ ಭೂವಿಜ್ಞಾನಿ ಮಿಶೆಲ್ ಸಿಫ್ರ್ ಗಡಿಯಾರವಿಲ್ಲದೆ ಆಲ್ಪ್ಸ್‌ನ ಸ್ಕರಾಸೋನ್ ಗುಹೆಯೊಳಗೆ ಇಳಿದರು. ಸೆಪ್ಟೆಂಬರ್ 14ರಂದು ಅವಧಿ ಮುಗಿಯಿತು ಬನ್ನಿ ಎಂದು ಕರೆದಾಗ ಅವರ ಲೆಕ್ಕದಲ್ಲಿ ಇನ್ನೂ ಆಗಸ್ಟ್ 20. ನೆಲದಡಿ ಹೋದವನಿಗೆ ಕಾಲ ನಿಧಾನವಾಗುವುದು ಪ್ರಕೃತಿ ನಿಯಮ, ಗುತ್ತಿಗೆದಾರನ ಮೇಲೆ ದಂಡ ಹಾಕುವುದು ಅವೈಜ್ಞಾನಿಕ ಎಂಬುದು ಜೋಯಿಸರ ವಾದ. ನಮ್ಮ ಮೆಟ್ರೊ ಮೊದಲ ಹಂತವನ್ನೂ ಎಳೆದು ತರುತ್ತಾರೆ: 2006ರಲ್ಲಿ ಶಂಕುಸ್ಥಾಪನೆ, 2017ರಲ್ಲಿ ಪೂರ್ಣ. ಇದು ಅನ್ಯಾಯದ ಹೋಲಿಕೆ. ಸುರಂಗ ಯಂತ್ರದ ಎದುರು ಅರ್ಧ ಮೆದು ಮಣ್ಣು, ಅರ್ಧ ಗ್ರಾನೈಟ್ ಬಂದರೆ ಕಟರ್‌ಗಳು ಸವೆದು ಕೆಲಸ ನಿಂತೇ ನಿಲ್ಲುತ್ತದೆ. ಎರಡಡಿ ಆಳದ ಕೇಬಲ್ ಕಂದಕಕ್ಕೆ ಯಾವ ಗ್ರಾನೈಟ್ ಅಡ್ಡ ಬಂತು ಸ್ವಾಮಿ?

ಕ್ಷಯ ಮಾಸ, ಅಂದರೆ ಲೆಕ್ಕದಿಂದ ಒಂದು ತಿಂಗಳೇ ಬಿಟ್ಟುಹೋಗುವುದು, ನಮ್ಮಲ್ಲಿ ತೀರಾ ಅಪರೂಪ. 1963–64ರಲ್ಲಿ ಬಂದಿತ್ತು, ಮತ್ತೆ 1982–83ರಲ್ಲಿ. ಸುತಲದಲ್ಲಿ ಅದು ರಸ್ತೆಯ ‘ದೋಷ ಹೊಣೆಗಾರಿಕೆ ಅವಧಿ’. ಆ ಅವಧಿಯಲ್ಲಿ ಕಿತ್ತುಹೋದದ್ದನ್ನು ಗುತ್ತಿಗೆದಾರನೇ ಸ್ವಂತ ಖರ್ಚಿನಲ್ಲಿ ಸರಿಪಡಿಸಬೇಕು. ಆದರೆ ನಡುವೆ ಇನ್ನೊಬ್ಬರು ಬಂದು ಒಂದಡಿ ಅಗಲ ಕತ್ತರಿಸಿದರೂ ಸಾಕು, “ನಾನು ಹಾಕಿದ ರಸ್ತೆ ಇದಲ್ಲ” ಎಂದು ಆತ ಕೈತೊಳೆಯಬಹುದು. ಹೊಸ ಡಾಂಬರಿನ ವಾಸನೆ ಆರುವ ಮೊದಲೇ ಯಾರೋ ಬಂದು ಕತ್ತರಿಸುವುದು ಯಾಕೆ ಎಂದು ಪಂಚಾಂಗ ಹೇಳುವುದಿಲ್ಲ. ‘ಶುಭಯೋಗ’ ಎಂದಷ್ಟೇ ಬರೆದಿದೆ.

ಕಡೆಯ ಪುಟದಲ್ಲಿ ಎಂದಿನಂತೆ ರಾಶಿಫಲ. ಗುತ್ತಿಗೆದಾರ ರಾಶಿ: ಆದಾಯ 14, ವ್ಯಯ 2, ರಾಜಪೂಜೆ 7. ಅಧಿಕಾರಿ ರಾಶಿ: ಆದಾಯ ನಮೂದಿಸಿಲ್ಲ. ತೆರಿಗೆದಾರ ರಾಶಿ: ಆದಾಯ 2, ವ್ಯಯ 14, ಬೆನ್ನುನೋವು ವರ್ಷಪೂರ್ತಿ, ಪರಿಹಾರಕ್ಕೆ ಆ್ಯಪ್‌ನಲ್ಲಿ ಗುಂಡಿಯ ಫೋಟೊ ಹಾಕುವುದು. ದೂರು ದಾಖಲಾದ ಅದೇ ಮುಹೂರ್ತದಲ್ಲಿ ‘ಸಮಸ್ಯೆ ಬಗೆಹರಿದಿದೆ’ ಎಂಬ ಸಂದೇಶ ಬರುವ ಪ್ರಬಲ ಯೋಗವಿದೆ.