ಮೀಸೆ ಮಣ್ಣಾಗದ ಆಟ

ಬೈಕ್ ಆಟ ಅಂದರೆ ವೇಗ ಅಲ್ವಾ? ರಾತ್ರಿ ಊಟ ಮುಗಿಸಿ ನಾನು ಕಂಪ್ಯೂಟರಿನಲ್ಲಿ ಆಡುವ ‘ಟ್ರಯಲ್ಸ್ ಎವಲ್ಯೂಷನ್: ಗೋಲ್ಡ್ ಎಡಿಷನ್’ನಲ್ಲಿ ಓಡುವುದಕ್ಕಿಂತ ಬೀಳುವುದೇ ಜಾಸ್ತಿ.

ಇದು ಫಿನ್ಲೆಂಡಿನ ರೆಡ್‌ಲಿಂಕ್ಸ್‌ನವರು ಮಾಡಿದ ಆಟ. 2012ರಲ್ಲಿ ಟಿವಿಗೆ ಜೋಡಿಸಿ ಆಡುವ ಪೆಟ್ಟಿಗೆ ಎಕ್ಸ್‌ಬಾಕ್ಸ್‌ಗೆ ಬಂತು. ಮರುವರ್ಷ ಪಿಸಿಗೆ ಬರುವಾಗ 2009ರ ‘ಟ್ರಯಲ್ಸ್ ಎಚ್‌ಡಿ’ಯ ಟ್ರ್ಯಾಕ್‌ಗಳನ್ನೂ ಜೊತೆಗೆ ಕರೆದುಕೊಂಡು ಬಂತು. ಸೊಪ್ಪಿನವರು ಕೊಡುವ ಕೊಸರು ಒಂದು ಹಿಡಿ. ಇದು ಕೊಸರೇ ಇನ್ನೊಂದು ಕಂತೆ! ಹೊಸ ಟ್ರ್ಯಾಕ್‌ಗಳಲ್ಲಿ ಬಯಲು, ಬೆಟ್ಟ, ಬಿಸಿಲು. ಹಳೆಯವು ಗೋಡೌನಿನ ಒಳಗೆ, ಮಬ್ಬು ಬೆಳಕಲ್ಲಿ. ಎಲ್ಲಿ ಬೀಳಬೇಕು ಅನ್ನುವ ಆಯ್ಕೆ ನಮ್ಮದು.

ಕ್ಲಚ್ಚಿಲ್ಲ, ಗೇರಿಲ್ಲ, ಎಡಬಲ ತಿರುಗುವುದೂ ಇಲ್ಲ. ಆಕ್ಸಿಲರೇಟರ್, ಬ್ರೇಕ್, ಮುಂದಕ್ಕೆ ಬಾಗು, ಹಿಂದಕ್ಕೆ ವಾಲು. ಇಷ್ಟೇ. ಇಷ್ಟರಲ್ಲೇ ಮಾನ ಹೋಗುತ್ತದೆ. ನಿನ್ನೆ ಒಂದು ಹಲಗೆಯ ಏರು ಸಿಕ್ಕಿತು. ಕೊಂಚ ಜಾಸ್ತಿ ತಿರುವಿದೆ, ಮುಂದಿನ ಚಕ್ರ ಆಕಾಶ ನೋಡಿತು, ಸವಾರ ಅಂಗಾತ. ಕಡಿಮೆ ತಿರುವಿದೆ, ಅರ್ಧಕ್ಕೇ ನಿಂತು ಹಿಂದಕ್ಕೆ ಜಾರಿತು. ಸರಿಯಾಗಿ ತಿರುವಿದೆ, ಮೇಲೆ ಹತ್ತಿತು. ಆ ಖುಷಿಯಲ್ಲಿ ಬ್ರೇಕ್ ಮರೆತು ಆ ಕಡೆ ಉರುಳಿದೆ.

ಜಟ್ಟಿ ಕೆಳಗೆ ಬಿದ್ದರೂ ಮೀಸೆ ಮಣ್ಣಾಗಲಿಲ್ಲ ಅಂತಾರೆ. ಇಲ್ಲಿ ಹೆಲ್ಮೆಟ್ ಇರುವುದರಿಂದ ಮೀಸೆಯ ಸುದ್ದಿಯೇ ಬರುವುದಿಲ್ಲ. ಒಂದು ಗುಂಡಿ ಒತ್ತಿದರೆ ಸವಾರ ಹಿಂದಿನ ಚೆಕ್‌ಪಾಯಿಂಟ್‌ನಲ್ಲಿ ಇಸ್ತ್ರಿ ಮಾಡಿದ ಅಂಗಿಯಂತೆ ನಿಂತಿರುತ್ತಾನೆ. ಮೂಲೆಯಲ್ಲಿ ಮಾತ್ರ ಬಿದ್ದ ಲೆಕ್ಕ ಒಂದು ಏರಿರುತ್ತದೆ. ಕಲ್ಲು, ದಿಮ್ಮಿಗಳ ಮೇಲೆ ಬೈಕ್ ಹತ್ತಿಸುವ ನಿಜವಾದ ಟ್ರಯಲ್ಸ್ ಸ್ಪರ್ಧೆ ಇನ್ನೂ ಜಿಪುಣ. ಅಲ್ಲಿ ಬೀಳುವುದಿರಲಿ, ಕಾಲು ಒಂದು ಸಲ ನೆಲಕ್ಕೆ ತಾಗಿದರೂ ಒಂದು ಅಂಕದ ದಂಡ. ಮೊದಲ ಸಲ ಸ್ಕೂಟರ್ ಕಲಿತಾಗ ನನ್ನ ಎರಡೂ ಕಾಲು ನೆಲದ ಮೇಲೇ ಇದ್ದವು. ಲೆಕ್ಕ ಬರೆಯಲು ಯಾರೂ ಇರಲಿಲ್ಲ, ಪುಣ್ಯ.

‘ಬೈಕ್ ಓಡಿಸೋ ಆಟ ಅಂದ್ರಿ, ಬರೀ ಬೀಳ್ತಾನೇ ಇದ್ದೀರಲ್ರೀ?’ ಹೆಂಡತಿ ಬಾಗಿಲಲ್ಲಿ ನಿಂತಿದ್ದಳು.

‘ತಡಿ, ಮುಗೀತು’ ಅಂದೆ. ಮುಗಿಯಿತು ಕೂಡ. ಗೆರೆ ದಾಟುವಾಗ ಲೆಕ್ಕ 83. ಈ ಆಟ ಮಾಡಿದವರ ಕುಚೇಷ್ಟೆ ಒಂದಿದೆ: ಗೆದ್ದ ಸವಾರನನ್ನೂ ಅವರು ಸುಮ್ನೆ ಬಿಡುವುದಿಲ್ಲ. ಗೆರೆಯಾಚೆ ಏನೋ ಢಮ್ ಅಂದು ನಮ್ಮವನು ಗಾಳಿಯಲ್ಲಿ ಪಲ್ಟಿ ಹೊಡೆದ.

‘ಮತ್ತೆ ಬಿದ್ರಾ?’

‘ಇದು ಲೆಕ್ಕಕ್ಕಿಲ್ಲ ಕಣೇ.’